ಫ್ಲಾರಿಡಾದ ಎರಡು ದಿನಗಳ ಲಾಬ್‌ಸ್ಟರ್ ಋತು: ಅಲ್ಪಾವಧಿ ಅನುಮತಿಯ ಲಾಭ, ಅಪಾಯ ಮತ್ತು ಹೊಣೆ

1. ಪ್ರಸ್ತಾವನೆ

ಅಮೆರಿಕ ಸಂಯುಕ್ತ ಸಂಸ್ಥಾನದ ಆಗ್ನೇಯ ತುದಿಯಲ್ಲಿರುವ ಫ್ಲಾರಿಡಾ ರಾಜ್ಯದಲ್ಲಿ ಪ್ರತಿ ವರ್ಷ ಜುಲೈ ತಿಂಗಳ ಕೊನೆಯ ಭಾಗದಲ್ಲಿ ಎರಡು ದಿನಗಳ ವಿಶೇಷ ಋತು ಜಾರಿಯಲ್ಲಿರುತ್ತದೆ. ಈ ಎರಡು ದಿನಗಳಲ್ಲಿ ಪರವಾನಗಿ ಪಡೆದ ಸಾಮಾನ್ಯ ನಾಗರಿಕರು ಸಮುದ್ರದಲ್ಲಿ ಮುಳುಗಿ, ಮಾರಾಟಕ್ಕಾಗಿ ಅಲ್ಲದೆ ಸ್ವಂತ ಬಳಕೆಗಾಗಿ, ಸ್ಪೈನಿ ಲಾಬ್‌ಸ್ಟರ್ ಎಂಬ ಕಡಲಜೀವಿಯನ್ನು ಹಿಡಿಯಬಹುದಾಗಿದೆ. ಸ್ಥಳೀಯರು ಇದನ್ನು ‘ಮಿನಿ ಸೀಸನ್’ ಎಂದು ಕರೆಯುತ್ತಾರೆ.

ಅವಧಿ ಎರಡೇ ದಿನಗಳಾದರೂ ಈ ಋತುವಿನ ಕುರಿತ ಚರ್ಚೆ ದಶಕಗಳಿಂದ ನಡೆದುಬಂದಿದೆ. ದಿನಗಳನ್ನು ಕಡಿಮೆಗೊಳಿಸಿದ ಮಾತ್ರಕ್ಕೆ ಸಂಪನ್ಮೂಲ ಉಳಿಯುವುದೇ, ಅಥವಾ ಕಡಿಮೆ ದಿನಗಳಿಗೆ ಹೆಚ್ಚು ಜನರು ಏಕಕಾಲಕ್ಕೆ ಮುಗಿಬೀಳುವುದರಿಂದ ಹೊಸ ಅಪಾಯಗಳು ಹುಟ್ಟುವುವೇ ಎಂಬುದು ಈ ಚರ್ಚೆಯ ತಿರುಳು. ಅಮೆರಿಕದಲ್ಲಿ ನೆಲೆಸಿರುವ ಹಾಗೂ ಅಲ್ಲಿಗೆ ಪ್ರವಾಸ ಕೈಗೊಳ್ಳುವ ಕನ್ನಡಿಗರಿಗೆ ಅಲ್ಲಿನ ನಿಯಮಗಳ ತಿಳಿವಳಿಕೆ ಅಗತ್ಯವಾಗಿರುತ್ತದೆ. ಮಳೆಗಾಲದ ಮೀನುಗಾರಿಕೆ ನಿಷೇಧವನ್ನು ಪಾಲಿಸುತ್ತಿರುವ ನಮ್ಮ ಕರಾವಳಿಯ ಜನರಿಗೂ ಈ ಅನುಭವ ವಿಚಾರಾರ್ಹವಾಗಿದೆ. ಆದುದರಿಂದ ಸಾರ್ವಜನಿಕರ ಮಾಹಿತಿಗಾಗಿ ಈ ವಿಶ್ಲೇಷಣೆಯನ್ನು ನೀಡಲಾಗಿದೆ.

2. ಋತುವಿನ ಹಿನ್ನೆಲೆ

ಫ್ಲಾರಿಡಾದಲ್ಲಿ ಲಾಬ್‌ಸ್ಟರ್ ಹಿಡಿಯುವ ಸಾಮಾನ್ಯ ಋತುವು ಆಗಸ್ಟ್ 6ರಿಂದ ಮರುವರ್ಷದ ಮಾರ್ಚ್ 31ರವರೆಗೆ ಇರುತ್ತದೆ. ಏಪ್ರಿಲ್ 1ರಿಂದ ಆಗಸ್ಟ್ 5ರವರೆಗಿನ ಅವಧಿ ನಿಷೇಧಿತ ಅವಧಿ. ಈ ನಿಷೇಧಿತ ಅವಧಿಯ ಅಂತ್ಯದ ವೇಳೆಗೆ, ಜುಲೈ ತಿಂಗಳಲ್ಲಿ ಒಂದರ ಹಿಂದೊಂದು ಬರುವ ಕೊನೆಯ ಬುಧವಾರ ಮತ್ತು ಗುರುವಾರಗಳಂದು ಹವ್ಯಾಸಿಗಳಿಗೆ ಮಾತ್ರ ವಿನಾಯಿತಿ ನೀಡಲಾಗುತ್ತದೆ. 2025ರಲ್ಲಿ ಜುಲೈ 30 ಮತ್ತು 31 ಈ ದಿನಗಳಾಗಿದ್ದವು. 2024ರಲ್ಲಿ ಜುಲೈ 31 ಬುಧವಾರವಾಗಿದ್ದರೂ ಮರುದಿನ ಆಗಸ್ಟ್ 1 ಆಗಿದ್ದುದರಿಂದ, ಎರಡೂ ದಿನಗಳು ಜುಲೈ ತಿಂಗಳೊಳಗೇ ಬರಬೇಕೆಂಬ ನಿಯಮದಂತೆ ಜುಲೈ 24 ಮತ್ತು 25 ನಿಗದಿಯಾದವು. ಕೊನೆಯ ಬುಧವಾರವನ್ನಷ್ಟೇ ನೋಡಿಕೊಂಡು ಪ್ರವಾಸದ ಏರ್ಪಾಡು ಮಾಡಿಕೊಳ್ಳುವವರು ಇಂತಹ ವರ್ಷಗಳಲ್ಲಿ ಮೋಸಹೋಗುವ ಸಂಭವವಿರುತ್ತದೆ.

ಈ ವಿಶೇಷ ಋತುವನ್ನು 1975ರಲ್ಲಿ ಆರಂಭಿಸಲಾಯಿತು. ಅದರ ಮೂಲ ಉದ್ದೇಶ ಸಂರಕ್ಷಣೆಗಿಂತ ಹೆಚ್ಚಾಗಿ ವ್ಯಾಜ್ಯ ನಿವಾರಣೆಯಾಗಿತ್ತು. ವಾಣಿಜ್ಯ ಮೀನುಗಾರರು ಬೋನುಗಳನ್ನು ಸಮುದ್ರತಳದಲ್ಲಿ ಇರಿಸಿ ಲಾಬ್‌ಸ್ಟರ್ ಹಿಡಿಯುತ್ತಾರೆ. ಹವ್ಯಾಸಿಗಳು ಮುಳುಗಿ ಕೈಬಲೆಯಿಂದ ಹಿಡಿಯುತ್ತಾರೆ. ಋತುವಿನ ಮೊದಲ ದಿನವೇ ಉಭಯ ವರ್ಗದವರು ಒಂದೇ ನೀರಿನಲ್ಲಿ ಎದುರಾದರೆ ಬೋನುಗಳ ಕುರಿತು ತಕರಾರು ಏಳುವುದು ಸಹಜ. ವಾಣಿಜ್ಯ ಬೋನುಗಳನ್ನು ಆಗಸ್ಟ್ 1ರಿಂದ ನೀರಿಗೆ ಇಳಿಸಲು ಅವಕಾಶವಿದೆ. ಅದಕ್ಕೆ ಮುಂಚೆಯೇ ಹವ್ಯಾಸಿಗಳಿಗೆ ಎರಡು ದಿನಗಳನ್ನು ಬಿಟ್ಟುಕೊಟ್ಟರೆ ಘರ್ಷಣೆ ತಪ್ಪುವುದೆಂಬ ಲೆಕ್ಕಾಚಾರದಿಂದ ಈ ವ್ಯವಸ್ಥೆ ರೂಪುಗೊಂಡಿತು. ಆ ಉದ್ದೇಶ ಬಹುಮಟ್ಟಿಗೆ ಈಡೇರಿದೆ. ಆದರೆ ಎರಡು ವರ್ಗಗಳ ನಡುವಿನ ಒತ್ತಡ ಕಡಿಮೆಯಾದಂತೆ, ಎರಡೇ ದಿನಗಳ ಮೇಲೆ ಬೀಳುವ ಒತ್ತಡ ಹೆಚ್ಚಾಯಿತು.

3. ಜೀವಿಯ ಸ್ವಭಾವ ಮತ್ತು ನಿಷೇಧಿತ ಅವಧಿಯ ಅಗತ್ಯ

ಪ್ಯಾನುಲಿರಸ್ ಆರ್ಗಸ್ ಎಂಬ ವೈಜ್ಞಾನಿಕ ನಾಮಧೇಯದ ಈ ಲಾಬ್‌ಸ್ಟರ್ ಸಿಗಡಿ ಮತ್ತು ಏಡಿಗಳ ಬಳಗಕ್ಕೆ ಸೇರಿದ್ದು, ಮೈಮೇಲೆ ಮುಳ್ಳುಗಳನ್ನೂ ನೀಳವಾದ ಎರಡು ಮೀಸೆಗಳನ್ನೂ ಹೊಂದಿದೆ. ಏಡಿಗಿರುವಂತಹ ದೊಡ್ಡ ಚಿಮುಟಗಳು ಇದಕ್ಕಿಲ್ಲ. ಕೆರಿಬಿಯನ್ ಸಮುದ್ರ, ಮೆಕ್ಸಿಕೋ ಕೊಲ್ಲಿ, ಬಹಾಮಾಸ್ ಮತ್ತು ಫ್ಲಾರಿಡಾದ ನೀರಿನಲ್ಲಿ ಇದು ವ್ಯಾಪಕವಾಗಿ ಕಂಡುಬರುತ್ತದೆ.

ವಸಂತ ಮತ್ತು ಬೇಸಿಗೆಯ ತಿಂಗಳುಗಳಲ್ಲಿ ಹೆಣ್ಣು ಲಾಬ್‌ಸ್ಟರ್ ತನ್ನ ಬಾಲದ ಅಡಿಯಲ್ಲಿ ಮೊಟ್ಟೆಗಳ ಗೊಂಚಲನ್ನು ಹೊತ್ತಿರುತ್ತದೆ. ನಿಷೇಧಿತ ಅವಧಿಯನ್ನು ಈ ಕಾಲಕ್ಕೆ ಹೊಂದಿಸಲಾಗಿದೆ. ಮೊಟ್ಟೆಯಿಂದ ಹೊರಬಂದ ಮರಿಗಳು ಗಾಜಿನಂತೆ ಪಾರದರ್ಶಕವಾಗಿದ್ದು, ಹಲವು ತಿಂಗಳುಗಳ ಕಾಲ ತೆರೆದ ಸಮುದ್ರದ ಪ್ರವಾಹದಲ್ಲಿ ತೇಲುತ್ತವೆ. ಹೀಗಾಗಿ ಒಂದು ದೇಶದ ನೀರಿನಲ್ಲಿ ಹುಟ್ಟಿದ ಮರಿ ಇನ್ನೊಂದು ದೇಶದ ತೀರದಲ್ಲಿ ನೆಲೆಗೊಳ್ಳುವುದುಂಟು. ಅನಂತರ ಅವು ಆಳವಿಲ್ಲದ ಕೊಲ್ಲಿಗಳ ಪಾಚಿ ಮತ್ತು ಕಡಲ ಹುಲ್ಲಿನ ನಡುವೆ ಆಶ್ರಯ ಪಡೆದು, ಬೆಳೆದಂತೆ ಹವಳದ ದಿಬ್ಬಗಳತ್ತ ಸಾಗುತ್ತವೆ. ನೆಲೆಗೊಂಡ ಮರಿಯು ಹಿಡಿಯಲು ಅರ್ಹವಾದ ಗಾತ್ರಕ್ಕೆ ಬರಲು ಫ್ಲಾರಿಡಾದಲ್ಲಿ ಸುಮಾರು ಎರಡು ವರ್ಷಗಳು ಬೇಕಾಗುತ್ತವೆ.

ಇಲ್ಲಿ ಎರಡು ಅಂಶಗಳು ಮುಖ್ಯ. ಮೊದಲನೆಯದಾಗಿ, ಲಾಬ್‌ಸ್ಟರ್‌ಗಳು ಹಗಲಿನಲ್ಲಿ ಕಲ್ಲಿನ ಪೊಟರೆಗಳಲ್ಲಿ ಗುಂಪಾಗಿ ಅಡಗಿರುತ್ತವೆ. ಒಂದೇ ಪೊಟರೆಯಲ್ಲಿ ಹಲವು ಸಿಗುವುದರಿಂದ, ಅದನ್ನು ಕಂಡುಕೊಂಡ ನಾಲ್ಕಾರು ಜನರು ಸ್ವಲ್ಪ ಹೊತ್ತಿನಲ್ಲಿಯೇ ಅದನ್ನು ಬರಿದು ಮಾಡಬಲ್ಲರು. ಎರಡನೆಯದಾಗಿ, ಹಿಡಿದು ಬಿಟ್ಟ ಮರಿಗೂ ನಷ್ಟವಿದೆ. ಕಾಲು ಅಥವಾ ಮೀಸೆ ಮುರಿದ ಎಳೆಯ ಲಾಬ್‌ಸ್ಟರ್ ತನ್ನ ಶಕ್ತಿಯನ್ನು ಅಂಗಗಳ ಮರುಬೆಳವಣಿಗೆಗೆ ವ್ಯಯಿಸಬೇಕಾಗುವುದರಿಂದ ಅದರ ಒಟ್ಟು ಬೆಳವಣಿಗೆ ಕುಂಠಿತವಾಗುತ್ತದೆ ಎಂಬುದನ್ನು ಫ್ಲಾರಿಡಾದಲ್ಲಿಯೇ ನಡೆದ ಅಧ್ಯಯನಗಳು ತೋರಿಸಿವೆ. ಅಂದರೆ ಒರಟಾಗಿ ಹಿಡಿದು, ಅಳೆದು, ಬಿಟ್ಟುಬಿಡುವುದು ನಿಯಮಕ್ಕೆ ಒಪ್ಪಿದರೂ ಮುಂದಿನ ವರ್ಷದ ಇಳುವರಿಗೆ ಹಾನಿ ತರುತ್ತದೆ.

4. ಪರವಾನಗಿ ಮತ್ತು ಷರತ್ತುಗಳು

ಈ ಋತುವಿನ ನಿಯಂತ್ರಣ ಫ್ಲಾರಿಡಾ ಮೀನು ಮತ್ತು ವನ್ಯಜೀವಿ ಸಂರಕ್ಷಣಾ ಆಯೋಗದ ವ್ಯಾಪ್ತಿಗೆ ಒಳಪಟ್ಟಿದೆ. ಅರ್ಜಿದಾರರು ಎರಡು ಪತ್ರಗಳನ್ನು ಪಡೆಯಬೇಕಾಗುತ್ತದೆ: ಉಪ್ಪುನೀರಿನ ಹವ್ಯಾಸಿ ಮೀನುಗಾರಿಕೆ ಪರವಾನಗಿ ಮತ್ತು ಅದರೊಂದಿಗೆ ಲಾಬ್‌ಸ್ಟರ್ ಅನುಮತಿ ಪತ್ರ. ರಾಜ್ಯದ ದರಪಟ್ಟಿಯಂತೆ ಫ್ಲಾರಿಡಾ ನಿವಾಸಿಗಳಿಗೆ ವಾರ್ಷಿಕ ಪರವಾನಗಿಗೆ 17 ಡಾಲರ್ ಶುಲ್ಕವಿದೆ. ಹೊರಗಿನಿಂದ ಬಂದವರಿಗೆ ಮೂರು ದಿನಗಳಿಗೆ 17 ಡಾಲರ್, ಏಳು ದಿನಗಳಿಗೆ 30 ಡಾಲರ್ ಮತ್ತು ಒಂದು ವರ್ಷಕ್ಕೆ 47 ಡಾಲರ್ ಶುಲ್ಕ ನಿಗದಿಯಾಗಿದೆ. ಲಾಬ್‌ಸ್ಟರ್ ಅನುಮತಿ ಪತ್ರದ ಶುಲ್ಕ 5 ಡಾಲರ್. 16 ವರ್ಷದೊಳಗಿನವರಿಗೂ 65 ವರ್ಷ ಮೀರಿದ ಫ್ಲಾರಿಡಾ ನಿವಾಸಿಗಳಿಗೂ ಪರವಾನಗಿಯಿಂದ ವಿನಾಯಿತಿ ಇದೆ. ಆದರೆ ಈ ವಿನಾಯಿತಿ ಗಾತ್ರ ಮತ್ತು ಸಂಖ್ಯೆಯ ಮಿತಿಗಳಿಗೆ ಅನ್ವಯಿಸುವುದಿಲ್ಲ.

ಪರವಾನಗಿ ದೊರೆತ ನಂತರ ಪಾಲಿಸಬೇಕಾದ ಮುಖ್ಯ ಷರತ್ತುಗಳು ಈ ಕೆಳಕಂಡಂತಿವೆ.

(ಅ) ಗಾತ್ರ: ಲಾಬ್‌ಸ್ಟರ್‌ನ ಬೆನ್ನುಚಿಪ್ಪಿನ ಉದ್ದ 3 ಅಂಗುಲಕ್ಕಿಂತ, ಅಂದರೆ ಸುಮಾರು 76 ಮಿ.ಮೀ.ಗಿಂತ ಹೆಚ್ಚಿರಬೇಕು. ಅಳತೆಯನ್ನು ನೀರಿನೊಳಗೇ ಮಾಡತಕ್ಕದ್ದು. ದೋಣಿಗೆ ತಂದು ಅಳೆಯುವುದು ನಿಯಮಬಾಹಿರ. ಮುಳುಗುವ ಪ್ರತಿಯೊಬ್ಬರ ಬಳಿ ಅಳತೆಯ ಸಾಧನ ಇರಬೇಕು.

(ಆ) ಸಂಖ್ಯೆ: ಫ್ಲಾರಿಡಾ ಕೀಸ್ ದ್ವೀಪಸಮೂಹವನ್ನೊಳಗೊಂಡ ಮನ್ರೋ ಕೌಂಟಿ ಮತ್ತು ಬಿಸ್ಕೇನ್ ರಾಷ್ಟ್ರೀಯ ಉದ್ಯಾನದಲ್ಲಿ ಒಬ್ಬರಿಗೆ ದಿನಕ್ಕೆ 6, ರಾಜ್ಯದ ಉಳಿದೆಡೆ ಈ ಎರಡು ದಿನಗಳಲ್ಲಿ ಒಬ್ಬರಿಗೆ ದಿನಕ್ಕೆ 12. ಸಾಮಾನ್ಯ ಋತುವಿನಲ್ಲಿ ಎಲ್ಲೆಡೆ 6.

(ಇ) ಮೊಟ್ಟೆ ಹೊತ್ತ ಹೆಣ್ಣು: ಯಾವ ಕಾಲದಲ್ಲಿಯೂ ಹಿಡಿಯುವಂತಿಲ್ಲ. ಮೊಟ್ಟೆಗಳನ್ನು ಕೆರೆದು ತೆಗೆಯುವುದೂ ಅಪರಾಧ.

(ಈ) ವಿಧಾನ: ಈಟಿ, ಕೊಕ್ಕೆ ಮೊದಲಾದ ಮೈಯನ್ನು ಚುಚ್ಚುವ ಸಾಧನಗಳಿಗೆ ನಿಷೇಧವಿದೆ. ಸಾಮಾನ್ಯವಾಗಿ ತೆಳುವಾದ ಕೋಲಿನಿಂದ ಲಾಬ್‌ಸ್ಟರ್ ಅನ್ನು ಮೆಲ್ಲನೆ ಪೊಟರೆಯಿಂದ ಹೊರಬರಿಸಿ, ಅದು ಹಿಮ್ಮುಖವಾಗಿ ಚಿಮ್ಮುವುದರಿಂದ ಹಿಂಬದಿಯಲ್ಲಿ ಕೈಬಲೆ ಒಡ್ಡಿ ಹಿಡಿಯಲಾಗುತ್ತದೆ. ದಡ ಸೇರುವವರೆಗೆ ಲಾಬ್‌ಸ್ಟರ್ ಇಡಿಯಾಗಿರಬೇಕು. ನೀರಿನ ಮೇಲಿರುವಾಗ ಬಾಲವನ್ನು ಬೇರ್ಪಡಿಸುವಂತಿಲ್ಲ.

(ಉ) ಸ್ಥಳ: ಎವರ್‌ಗ್ಲೇಡ್ಸ್ ಮತ್ತು ಡ್ರೈ ಟೋರ್ಟುಗಾಸ್ ರಾಷ್ಟ್ರೀಯ ಉದ್ಯಾನಗಳಲ್ಲಿ ಲಾಬ್‌ಸ್ಟರ್ ಹಿಡಿಯುವುದಕ್ಕೆ ವರ್ಷಪೂರ್ತಿ ನಿಷೇಧವಿದೆ. ಕೀ ಲಾರ್ಗೋದ ಜಾನ್ ಪೆನೆಕ್ಯಾಂಪ್ ಹವಳ ದಿಬ್ಬ ರಾಜ್ಯ ಉದ್ಯಾನದಲ್ಲಿ ಈ ಎರಡು ದಿನಗಳಲ್ಲಿ ಎಲ್ಲಿಯೂ ಹಿಡಿಯುವಂತಿಲ್ಲ. ಕೀಸ್ ರಾಷ್ಟ್ರೀಯ ಸಾಗರ ಅಭಯಾರಣ್ಯದೊಳಗೂ ಪೂರ್ಣ ಸಂರಕ್ಷಿತ ವಲಯಗಳಿವೆ.

(ಊ) ಸಮಯ: ಋತುವು ಬುಧವಾರದ ದಿನಾಂಕ ಆರಂಭವಾಗುತ್ತಲೇ ತೆರೆದು ಗುರುವಾರ ಮಧ್ಯರಾತ್ರಿ ಮುಚ್ಚುತ್ತದೆ. ಆದರೆ ಮನ್ರೋ ಕೌಂಟಿಯಲ್ಲಿ ಈ ಎರಡು ದಿನ ರಾತ್ರಿ ವೇಳೆ ಮುಳುಗುವುದನ್ನು ನಿಷೇಧಿಸಲಾಗಿದೆ.

(ಋ) ಧ್ವಜ: ಮುಳುಗಿದವರಿರುವ ಸ್ಥಳದಲ್ಲಿ ಕೆಂಪು ಹಿನ್ನೆಲೆಯ ಮೇಲೆ ಓರೆಯಾದ ಬಿಳಿ ಪಟ್ಟೆಯುಳ್ಳ ಧ್ವಜವನ್ನು ಪ್ರದರ್ಶಿಸತಕ್ಕದ್ದು. ದೋಣಿಯ ಮೇಲಿನ ಧ್ವಜದ ಅಳತೆ ಕನಿಷ್ಠ 20ಕ್ಕೆ 24 ಅಂಗುಲ ಇರಬೇಕು. ತೆರೆದ ನೀರಿನಲ್ಲಿ ಧ್ವಜದಿಂದ 300 ಅಡಿ ಹಾಗೂ ನದಿ, ಅಳಿವೆ ಮತ್ತು ಕಾಲುವೆಗಳಲ್ಲಿ 100 ಅಡಿ ದೂರವಿರಲು ಇತರ ದೋಣಿಗಳು ಪ್ರಯತ್ನಿಸಬೇಕು. ಅದರೊಳಗೆ ಬಂದರೆ ಅತ್ಯಂತ ಕಡಿಮೆ ವೇಗದಲ್ಲಿ ಸಾಗಬೇಕು. ಎಲ್ಲರೂ ನೀರಿನಿಂದ ಮೇಲೆ ಬಂದ ಮೇಲೆ ಧ್ವಜವನ್ನು ಇಳಿಸುವುದೂ ಕಡ್ಡಾಯ.

ಸಂಖ್ಯೆಯ ಮಿತಿಯ ವಿಷಯದಲ್ಲಿ ಗೊಂದಲ ಹೆಚ್ಚು. ಉದಾಹರಣೆಗೆ, ನಾಲ್ವರ ತಂಡವೊಂದು ಮನ್ರೋ ಕೌಂಟಿಯಲ್ಲಿ ಮೊದಲ ದಿನ 24 ಲಾಬ್‌ಸ್ಟರ್ ಹಿಡಿಯಬಹುದು. ಎರಡನೆಯ ದಿನ ಮತ್ತೆ 24 ಹಿಡಿದರೆ ದಡದ ಮೇಲೆ ಒಟ್ಟು 48 ಇರಿಸಿಕೊಳ್ಳುವುದು ಸರಿಯೇ. ಆದರೆ ನೀರಿನ ಮೇಲಿರುವಾಗ ಎರಡನೆಯ ದಿನವೂ ದೋಣಿಯಲ್ಲಿ 24ಕ್ಕಿಂತ ಹೆಚ್ಚು ಇರುವಂತಿಲ್ಲ. ಮೊದಲ ದಿನ ಹಿಡಿದದ್ದನ್ನು ಮಂಜುಗಡ್ಡೆಯ ಪೆಟ್ಟಿಗೆಯಲ್ಲಿಟ್ಟುಕೊಂಡೇ ಮರುದಿನ ದೋಣಿ ಏರುವವರು, ಅಕ್ರಮದ ಉದ್ದೇಶವಿಲ್ಲದಿದ್ದರೂ, ಈ ನಿಯಮವನ್ನು ಉಲ್ಲಂಘಿಸಿದಂತಾಗುತ್ತದೆ.

5. ಅಲ್ಪಾವಧಿಯಿಂದ ಉಂಟಾಗುವ ಪರಿಣಾಮಗಳು

ಹವಳದ ಮೇಲಿನ ಪರಿಣಾಮ: ಕೀಸ್ ಪ್ರದೇಶದ ಹವಳದ ದಿಬ್ಬಗಳಲ್ಲಿ ಈ ಎರಡು ದಿನಗಳ ಮೊದಲು ಮತ್ತು ನಂತರ ನಡೆಸಿದ ಕ್ಷೇತ್ರ ಸಮೀಕ್ಷೆಗಳು, ಜನರು ಹೆಚ್ಚಾಗಿ ಭೇಟಿ ನೀಡುವ ಸ್ಥಳಗಳಲ್ಲಿ ಅರ್ಹ ಗಾತ್ರದ ಲಾಬ್‌ಸ್ಟರ್‌ಗಳ ಬಹುಭಾಗ ಖಾಲಿಯಾಗುವುದನ್ನು ದಾಖಲಿಸಿವೆ. ಪೊಟರೆಯೊಳಗೆ ಕೈಚಾಚುವ ಭರದಲ್ಲಿ ಹವಳದ ಮೇಲೆ ನಿಲ್ಲುವುದು, ಈಜುರೆಕ್ಕೆಗಳಿಂದ ಒದೆಯುವುದು, ಲಂಗರನ್ನು ಹವಳದ ಮೇಲೆಯೇ ಬಿಡುವುದು ಮುಂತಾದವುಗಳಿಂದ ಆಗುವ ಹಾನಿ ಇದಕ್ಕೆ ಹೊರತಾದದ್ದು.

ಈ ಹಾನಿಯನ್ನು ತಾಳಿಕೊಳ್ಳುವ ಶಕ್ತಿ ಹವಳಕ್ಕೆ ಹಿಂದಿನಂತೆ ಉಳಿದಿಲ್ಲ. 2023ರ ಬೇಸಿಗೆಯಲ್ಲಿ ಫ್ಲಾರಿಡಾದ ಸಮುದ್ರದಲ್ಲಿ ಅಸಾಧಾರಣ ಉಷ್ಣ ಅಲೆ ಕಾಣಿಸಿಕೊಂಡಿತು. ಜುಲೈ 24ರಂದು ಮ್ಯಾನಟೀ ಕೊಲ್ಲಿಯ ಮಾಪಕವು ಸುಮಾರು 38.4 ಡಿಗ್ರಿ ಸೆಲ್ಸಿಯಸ್ ಉಷ್ಣಾಂಶವನ್ನು ದಾಖಲಿಸಿತು. ಅದು ಆಳವಿಲ್ಲದ ಒಳಕೊಲ್ಲಿಯ ಅಳತೆಯಾಗಿದ್ದು ಹವಳದ ದಿಬ್ಬಗಳ ಮೇಲಿನ ಉಷ್ಣಾಂಶ ಅಷ್ಟಿರಲಿಲ್ಲವಾದರೂ, ಅಲ್ಲಿಯೂ ಹವಳಗಳು ವ್ಯಾಪಕವಾಗಿ ಬಿಳಿಚಿಕೊಂಡು ಸತ್ತವು. ಎರಡೇ ದಿನಗಳ ತರುವಾಯ, ಜುಲೈ 26 ಮತ್ತು 27ರಂದು, ಲಾಬ್‌ಸ್ಟರ್ ಋತು ಎಂದಿನಂತೆ ನಡೆಯಿತು. ಆ ಉಷ್ಣ ಅಲೆಯ ನಂತರ ಎಲ್ಕ್‌ಹಾರ್ನ್ ಮತ್ತು ಸ್ಟ್ಯಾಗ್‌ಹಾರ್ನ್ ಎಂಬ ಎರಡು ಪ್ರಮುಖ ಕವಲು ಹವಳಗಳು ಫ್ಲಾರಿಡಾದ ದಿಬ್ಬಗಳಲ್ಲಿ ತಮ್ಮ ಪರಿಸರ ಕಾರ್ಯವನ್ನು ನಿರ್ವಹಿಸಲಾರದಷ್ಟು ವಿರಳವಾಗಿವೆ ಎಂದು 2025ರಲ್ಲಿ ಪ್ರಕಟವಾದ ವೈಜ್ಞಾನಿಕ ಅಧ್ಯಯನವು ತಿಳಿಸಿದೆ. ಲಾಬ್‌ಸ್ಟರ್‌ಗೆ ಆಶ್ರಯ ನೀಡುವ ನೆಲೆಯೇ ದುರ್ಬಲಗೊಂಡಿರುವಾಗ, ಹಿಂದೆ ಸಣ್ಣದೆನಿಸುತ್ತಿದ್ದ ಹಾನಿಯನ್ನು ಈಗ ಸಣ್ಣದೆಂದು ಪರಿಗಣಿಸಲಾಗದು.

ಮಾನವ ಜೀವದ ಮೇಲಿನ ಪರಿಣಾಮ: ಅನೇಕ ವರ್ಷಗಳಲ್ಲಿ ಈ ಎರಡು ದಿನಗಳಂದು ಮುಳುಗಿದವರ ಸಾವುಗಳು ವರದಿಯಾಗಿವೆ. ವರ್ಷವಿಡೀ ನೀರಿಗಿಳಿಯದವರು ಒಮ್ಮೆಲೇ ಆಳಕ್ಕೆ ಇಳಿಯುವುದು, ಹೃದಯ ಸಂಬಂಧಿ ತೊಂದರೆಯನ್ನು ಲೆಕ್ಕಿಸದಿರುವುದು, ಹಳೆಯ ಉಪಕರಣಗಳನ್ನು ಪರೀಕ್ಷಿಸದೆ ಬಳಸುವುದು, ಜೊತೆಗಾರರಿಂದ ಬೇರ್ಪಡುವುದು, ಉಸಿರು ಬಿಗಿಹಿಡಿದು ಪದೇ ಪದೇ ಮುಳುಗಿ ಪ್ರಜ್ಞೆ ತಪ್ಪುವುದು, ಧ್ವಜವಿಲ್ಲದ ಕಡೆ ದೋಣಿಗೆ ಸಿಲುಕುವುದು ಇಂತಹ ಅನಾಹುತಗಳಿಗೆ ದಾರಿಯಾಗುತ್ತವೆ. ಇವುಗಳ ಪೈಕಿ ಹಲವಕ್ಕೆ ಅವಸರವೇ ಇಂಬು ಕೊಡುತ್ತದೆ. ದೀರ್ಘ ಋತುವಿನಲ್ಲಿ ಸಮುದ್ರ ಒರಟಾಗಿದ್ದರೆ ಮತ್ತೊಂದು ದಿನ ಬರಬಹುದು. ಎರಡೇ ದಿನಗಳ ಋತುವಿನಲ್ಲಿ, ವಸತಿಗೃಹಕ್ಕೆ ಮುಂಗಡ ಪಾವತಿಸಿ ದೂರದಿಂದ ಬಂದವರಿಗೆ ಹಿಂತಿರುಗಲು ಮನಸ್ಸೊಪ್ಪುವುದಿಲ್ಲ.

ಸ್ಥಳೀಯರ ಮೇಲಿನ ಪರಿಣಾಮ: ಕೀಸ್ ದ್ವೀಪಗಳನ್ನು ಪರಸ್ಪರ ಜೋಡಿಸುವುದು ಬಹುತೇಕ ಒಂದೇ ಹೆದ್ದಾರಿ. ಈ ದಿನಗಳಲ್ಲಿ ಆ ಹೆದ್ದಾರಿ, ದೋಣಿ ಇಳಿಸುವ ಕಟ್ಟೆಗಳು ಮತ್ತು ಕಾಲುವೆಗಳು ಜನದಟ್ಟಣೆಯಿಂದ ತುಂಬಿರುತ್ತವೆ. ಮನೆಗಳ ಹಿತ್ತಿಲ ಕಾಲುವೆಗಳಿಗೇ ಜನರು ಇಳಿಯುತ್ತಿದ್ದುದರಿಂದ, ಮನ್ರೋ ಕೌಂಟಿಯಲ್ಲಿ ಈ ಎರಡು ದಿನ ಹಾಗೂ ಸಾಮಾನ್ಯ ಋತುವಿನ ಮೊದಲ ಐದು ದಿನ ಮಾನವ ನಿರ್ಮಿತ ಕಾಲುವೆಗಳಲ್ಲಿ, ದೋಣಿ ತಂಗುದಾಣಗಳಲ್ಲಿ ಮತ್ತು ಕಟ್ಟಡಗಳಿರುವ ತೀರದಿಂದ 300 ಅಡಿಯೊಳಗೆ ಮುಳುಗುವುದನ್ನು ನಿರ್ಬಂಧಿಸಲಾಗಿದೆ.

6. ಪರ ಮತ್ತು ವಿರೋಧ ವಾದಗಳು

ಋತುವನ್ನು ಮುಂದುವರಿಸಬೇಕೆನ್ನುವವರ ವಾದ ಹೀಗಿದೆ. ಸಮುದ್ರವು ಸಾರ್ವಜನಿಕ ಸಂಪತ್ತು. ಬೋನು ಹೂಡುವ ಬಂಡವಾಳವಿಲ್ಲದ ಸಾಮಾನ್ಯ ಕುಟುಂಬಕ್ಕೂ ಅದರಲ್ಲಿ ಪಾಲಿದೆ. ಒಟ್ಟು ಹಿಡುವಳಿಯಲ್ಲಿ ಹೆಚ್ಚಿನ ಪಾಲು ವಾಣಿಜ್ಯ ಬೋನುಗಳದ್ದೇ ಆಗಿರುವಾಗ, ಹವ್ಯಾಸಿಗಳ ಎರಡು ದಿನಗಳನ್ನಷ್ಟೇ ದೂರುವುದು ನ್ಯಾಯವಲ್ಲ. ವಸತಿಗೃಹ, ದೋಣಿ ಬಾಡಿಗೆ ಹಾಗೂ ಉಪಕರಣಗಳ ವ್ಯಾಪಾರವನ್ನು ನಂಬಿರುವವರಿಗೆ ಈ ದಿನಗಳು ಆದಾಯದ ಮೂಲವಾಗಿವೆ.

ರದ್ದುಪಡಿಸಬೇಕೆನ್ನುವವರ ವಾದ ಬೇರೆ. ವಾಣಿಜ್ಯ ಮೀನುಗಾರಿಕೆಯ ಮೇಲೆ ಸಂಖ್ಯಾ ನಿಯಂತ್ರಣವಿದೆ. 1990ರ ದಶಕದ ಆರಂಭದಲ್ಲಿ ಜಾರಿಗೆ ಬಂದ ಬೋನು ಪ್ರಮಾಣಪತ್ರ ಯೋಜನೆಯಿಂದಾಗಿ, 9 ಲಕ್ಷಕ್ಕೂ ಮೀರಿದ್ದ ಬೋನುಗಳ ಸಂಖ್ಯೆಯನ್ನು ಕ್ರಮೇಣ 5 ಲಕ್ಷಕ್ಕಿಂತ ಕೆಳಗೆ ಇಳಿಸಲಾಯಿತು. ಹವ್ಯಾಸಿ ಅನುಮತಿ ಪತ್ರಗಳಿಗೆ ಅಂತಹ ಗರಿಷ್ಠ ಮಿತಿ ಇಲ್ಲ. ಶುಲ್ಕ ಪಾವತಿಸಿದ ಪ್ರತಿಯೊಬ್ಬರಿಗೂ ಪತ್ರ ದೊರೆಯುತ್ತದೆ. ಒಬ್ಬ ವ್ಯಕ್ತಿಗೆ ಮಿತಿ ಇದೆ. ಒಟ್ಟು ವ್ಯಕ್ತಿಗಳಿಗೆ ಮಿತಿ ಇಲ್ಲ. ಆದುದರಿಂದ ಜನರ ಸಂಖ್ಯೆ ಹೆಚ್ಚಿದಂತೆ, ಪ್ರತಿಯೊಬ್ಬರೂ ನಿಯಮ ಪಾಲಿಸಿದರೂ, ಒಟ್ಟು ಹೊರೆ ಹೆಚ್ಚುತ್ತದೆ.

ಉಭಯ ವಾದಗಳಲ್ಲಿಯೂ ಹುರುಳಿದೆ. ದಿನಗಳ ಮಿತಿಯೊಂದೇ ಸಂರಕ್ಷಣೆಯ ಸಾಧನವಾಗಲಾರದು ಎಂಬುದು ಇವೆರಡರಿಂದಲೂ ಹೊರಡುವ ತೀರ್ಮಾನ. ಫ್ಲಾರಿಡಾದಲ್ಲಿ ಲಾಬ್‌ಸ್ಟರ್ ಮೀನುಗಾರಿಕೆ ಇಂದಿಗೂ ನಡೆಯುತ್ತಿರುವುದಕ್ಕೆ ಎರಡು ದಿನಗಳ ಮಿತಿ ಕಾರಣವಲ್ಲ. ನಾಲ್ಕು ತಿಂಗಳ ನಿಷೇಧ, 3 ಅಂಗುಲದ ಅಳತೆ, ಮೊಟ್ಟೆ ಹೊತ್ತ ಹೆಣ್ಣಿಗೆ ನೀಡಿದ ರಕ್ಷಣೆ ಮತ್ತು ಮುಚ್ಚಿದ ವಲಯಗಳು ಆ ಹೊರೆಯನ್ನು ಹೊತ್ತಿವೆ. ಈ ನಿಯಮಗಳು ನೀರಿನಾಳದಲ್ಲಿ, ಬಹುತೇಕ ಯಾವ ಅಧಿಕಾರಿಯೂ ಕಾಣದ ಸ್ಥಳದಲ್ಲಿ, ಪರವಾನಗಿ ಪಡೆದ ವ್ಯಕ್ತಿಯ ವಿವೇಚನೆಯಿಂದಲೇ ಜಾರಿಯಾಗಬೇಕಾಗಿವೆ.

7. ಕ್ಯಾಲಿಫೋರ್ನಿಯಾದ ಕ್ರಮ

ಅಮೆರಿಕದ ಪಶ್ಚಿಮ ಕರಾವಳಿಯ ಕ್ಯಾಲಿಫೋರ್ನಿಯಾ ರಾಜ್ಯವು ತನ್ನಲ್ಲಿನ ಲಾಬ್‌ಸ್ಟರ್ ಪ್ರಭೇದಕ್ಕೆ ಬೇರೆ ಕ್ರಮವನ್ನು ಅನುಸರಿಸಿದೆ. ಅಲ್ಲಿ ಹವ್ಯಾಸಿ ಋತುವು ಅಕ್ಟೋಬರ್ ಆಸುಪಾಸಿನಲ್ಲಿ ತೆರೆದು ಮಾರ್ಚ್‌ವರೆಗೆ ನಡೆಯುತ್ತದೆ. ಬೆನ್ನುಚಿಪ್ಪಿನ ಕನಿಷ್ಠ ಅಳತೆ ಮೂರೂಕಾಲು ಅಂಗುಲ. ದಿನದ ಮಿತಿ 7. ಮುಳುಗುವವರು ಬರಿಗೈಯಿಂದ ಮಾತ್ರ ಹಿಡಿಯಬೇಕು. ಹಿಂದೆ ಮಧ್ಯರಾತ್ರಿ ತೆರೆಯುತ್ತಿದ್ದ ಋತುವನ್ನು ಸುರಕ್ಷತೆಯ ದೃಷ್ಟಿಯಿಂದ 2017ರಲ್ಲಿ ಬೆಳಿಗ್ಗೆ 6 ಗಂಟೆಗೆ ಬದಲಾಯಿಸಲಾಯಿತು. ಅನಂತರ ಶುಕ್ರವಾರ ಸಂಜೆ 6 ಗಂಟೆಗೆ ನಿಗದಿಪಡಿಸಲಾಯಿತು.

ಅಲ್ಲಿನ ಮತ್ತೊಂದು ಗಮನಾರ್ಹ ಅಂಶ ವರದಿ ಚೀಟಿ. ಪ್ರತಿಯೊಬ್ಬ ಹವ್ಯಾಸಿಯೂ ತಾನು ಹಿಡಿದ ಸ್ಥಳ ಮತ್ತು ಸಂಖ್ಯೆಯನ್ನು ಅದರಲ್ಲಿ ನಮೂದಿಸಿ ಋತು ಮುಗಿದ ನಂತರ ಸಲ್ಲಿಸತಕ್ಕದ್ದು. ಏನನ್ನೂ ಹಿಡಿಯದಿದ್ದವರೂ ಸಲ್ಲಿಸಬೇಕು. ಫ್ಲಾರಿಡಾದಲ್ಲಿ ಅನುಮತಿ ಪಡೆದವರಿಂದ ಸಮೀಕ್ಷೆಯ ಮೂಲಕ ಮಾಹಿತಿ ಸಂಗ್ರಹಿಸಲಾಗುತ್ತದೆ. ಎಷ್ಟು ಹಿಡಿಯಲಾಯಿತೆಂಬ ಲೆಕ್ಕ ಸರಿಯಿದ್ದರೆ ಮಾತ್ರ ಮುಂದಿನ ವರ್ಷ ಎಷ್ಟು ಹಿಡಿಯಬಹುದೆಂಬ ನಿರ್ಧಾರ ಸರಿಯಾಗುವುದರಿಂದ, ಇಂತಹ ಸಮೀಕ್ಷೆಗೆ ಉತ್ತರಿಸುವುದೂ ಪರವಾನಗಿದಾರರ ಕರ್ತವ್ಯದ ಭಾಗವೆಂದು ಭಾವಿಸತಕ್ಕದ್ದು.

8. ನಮ್ಮ ಕರಾವಳಿಗೆ ಸಂಬಂಧಿಸಿದಂತೆ

ಭಾರತದ ಪಶ್ಚಿಮ ಕರಾವಳಿಯಲ್ಲಿ ಲಾಬ್‌ಸ್ಟರ್‌ಗಾಗಿ ಮುಳುಗುವ ಹವ್ಯಾಸಿ ಋತು ಎಂಬುದಿಲ್ಲ. ಕರ್ನಾಟಕದಲ್ಲಿ ಲಾಬ್‌ಸ್ಟರ್‌ಗಳು ಬಹುತೇಕ ಇತರ ಮೀನುಗಳಿಗಾಗಿ ಬೀಸಿದ ಬಲೆಗಳಲ್ಲಿ ದೊರೆಯುತ್ತವೆ. ಆದರೆ ಅವಧಿ, ಗಾತ್ರ ಮತ್ತು ವಿಧಾನ ಎಂಬ ಮೂರು ಬಗೆಯ ಮಿತಿಗಳು ಇಲ್ಲಿಯೂ ಇವೆ.

ಅವಧಿಯ ಮಿತಿ: ಪಶ್ಚಿಮ ಕರಾವಳಿಯಲ್ಲಿ ಜೂನ್ 1ರಿಂದ ಜುಲೈ 31ರವರೆಗೆ 61 ದಿನಗಳ ಕಾಲ ಯಾಂತ್ರೀಕೃತ ದೋಣಿಗಳ ಮೀನುಗಾರಿಕೆಗೆ ನಿಷೇಧವಿದೆ. ಕರ್ನಾಟಕದಲ್ಲಿ ಇದನ್ನು ಕರ್ನಾಟಕ ಕಡಲ ಮೀನುಗಾರಿಕೆ (ನಿಯಂತ್ರಣ) ಅಧಿನಿಯಮ, 1986ರ ಅಡಿಯಲ್ಲಿ ಜಾರಿಗೊಳಿಸಲಾಗುತ್ತದೆ. ಯಂತ್ರವಿಲ್ಲದ ಸಾಂಪ್ರದಾಯಿಕ ನಾಡದೋಣಿಗಳಿಗೆ ವಿನಾಯಿತಿ ಇದೆ.

ಗಾತ್ರದ ಮಿತಿ: ಕೇಂದ್ರ ವಾಣಿಜ್ಯ ಸಚಿವಾಲಯವು 2003ರಲ್ಲಿ ರಫ್ತಿಗಾಗಿ ಲಾಬ್‌ಸ್ಟರ್‌ಗಳ ಕನಿಷ್ಠ ತೂಕವನ್ನು ನಿಗದಿಪಡಿಸಿತು. ಅದರಂತೆ ಪ್ಯಾನುಲಿರಸ್ ಪಾಲಿಫೇಗಸ್ ಪ್ರಭೇದಕ್ಕೆ 300 ಗ್ರಾಂ, ಪ್ಯಾನುಲಿರಸ್ ಹೋಮರಸ್‌ಗೆ 200 ಗ್ರಾಂ, ಪ್ಯಾನುಲಿರಸ್ ಆರ್ನೇಟಸ್‌ಗೆ 500 ಗ್ರಾಂ ಮತ್ತು ಚಪ್ಪಟೆಯಾದ ಮರಳು ಲಾಬ್‌ಸ್ಟರ್‌ಗೆ 150 ಗ್ರಾಂ ಕನಿಷ್ಠ ತೂಕವಿರಬೇಕು.

ವಿಧಾನದ ಮಿತಿ: ಕೃತಕ ಬೆಳಕು ಬಳಸಿ ಮೀನು ಹಿಡಿಯುವುದನ್ನೂ ಎರಡು ದೋಣಿಗಳು ಸೇರಿ ಬಲೆ ಎಳೆಯುವ ಬುಲ್ ಟ್ರಾಲಿಂಗ್ ಪದ್ಧತಿಯನ್ನೂ ಕೇಂದ್ರ ಸರ್ಕಾರವು 2017ರಲ್ಲಿ ನಿಷೇಧಿಸಿತು.

ಮಿತಿಗಳು ತಡವಾಗಿ ಬಂದರೆ ಏನಾಗುವುದೆಂಬುದಕ್ಕೆ ಮುಂಬಯಿ ಕರಾವಳಿಯ ಮರಳು ಲಾಬ್‌ಸ್ಟರ್ ಉದಾಹರಣೆಯಾಗಿದೆ. 1970ರ ದಶಕದ ಕೊನೆಯಿಂದ ಟ್ರಾಲ್ ಬಲೆಗಳಲ್ಲಿ ಹೇರಳವಾಗಿ ದೊರೆಯುತ್ತಿದ್ದ ಈ ಪ್ರಭೇದದ ಹಿಡುವಳಿ 1990ರ ದಶಕದ ಮಧ್ಯಭಾಗದ ವೇಳೆಗೆ ಸಂಪೂರ್ಣವಾಗಿ ಕುಸಿಯಿತು. ರಫ್ತಿನ ತೂಕದ ಮಿತಿ ಬಂದದ್ದು ಅದರ ನಂತರ.

ಉತ್ತರ ಕನ್ನಡ ಜಿಲ್ಲೆಯ ಮುರುಡೇಶ್ವರದ ಸಮೀಪದ ನೇತ್ರಾಣಿ ದ್ವೀಪದಲ್ಲಿ ಸ್ಕೂಬಾ ಮುಳುಗುವಿಕೆ ಪ್ರವಾಸೋದ್ಯಮವಾಗಿ ಬೆಳೆದಿದೆ. ಅಲ್ಲಿ ಮುಳುಗುವುದು ನೋಡುವುದಕ್ಕಾಗಿ ಮಾತ್ರ. ಹವಳಗಳಿಗೆ ವನ್ಯಜೀವಿ (ಸಂರಕ್ಷಣೆ) ಅಧಿನಿಯಮ, 1972ರ ಅಡಿಯಲ್ಲಿ ರಕ್ಷಣೆ ನೀಡಲಾಗಿದ್ದು, ಹವಳದ ತುಂಡನ್ನು ಸ್ಮರಣಿಕೆಯಾಗಿ ತರುವುದೂ ಅಪರಾಧವಾಗುತ್ತದೆ.

9. ಅರ್ಜಿದಾರರು ಗಮನಿಸಬೇಕಾದ ಅಂಶಗಳು

ಫ್ಲಾರಿಡಾದಲ್ಲಿ ಈ ಋತುವಿನಲ್ಲಿ ಪಾಲ್ಗೊಳ್ಳಬಯಸುವವರು ಈ ಕೆಳಕಂಡ ಅಂಶಗಳನ್ನು ಗಮನದಲ್ಲಿರಿಸಿಕೊಳ್ಳುವುದು ಸೂಕ್ತ.

(1) ಪರವಾನಗಿ ಮತ್ತು ಲಾಬ್‌ಸ್ಟರ್ ಅನುಮತಿ ಪತ್ರಗಳೆರಡನ್ನೂ ಮುಂಚಿತವಾಗಿ ಪಡೆದು, ನೀರಿಗಿಳಿಯುವ ದಿನ ತೋರಿಸಲು ಸಿದ್ಧವಿರಿಸಿಕೊಳ್ಳತಕ್ಕದ್ದು. ಒಂದನ್ನು ಪಡೆದರೆ ಇನ್ನೊಂದು ತಾನಾಗಿ ಬರುವುದಿಲ್ಲ.

(2) ಹೋಗಲಿರುವ ನಿರ್ದಿಷ್ಟ ಸ್ಥಳದ ನಿಯಮಗಳನ್ನು ಆ ವರ್ಷದ ಅಧಿಕೃತ ಪ್ರಕಟಣೆಯಲ್ಲಿ ಪರಿಶೀಲಿಸತಕ್ಕದ್ದು. ಒಂದು ಕೌಂಟಿಯ ಮಿತಿಯನ್ನು ಇನ್ನೊಂದಕ್ಕೆ ಅನ್ವಯಿಸಿಕೊಳ್ಳಬಾರದು.

(3) ಅಳತೆಯ ಸಾಧನವನ್ನು ಬಳಸುವ ಕ್ರಮವನ್ನು ದಡದ ಮೇಲೆಯೇ ಕಲಿತುಕೊಳ್ಳತಕ್ಕದ್ದು. ಅಳತೆ ಸಂದೇಹಾಸ್ಪದವಾಗಿದ್ದರೆ ಲಾಬ್‌ಸ್ಟರ್ ಅನ್ನು ಅದರ ಪೊಟರೆಯ ಬಳಿಯೇ ಮೆಲ್ಲನೆ ಬಿಡತಕ್ಕದ್ದು.

(4) ಹಿಡಿದ ಕೂಡಲೇ ಬಾಲದ ಅಡಿಭಾಗವನ್ನು ನೋಡಿ ಮೊಟ್ಟೆಗಳಿಲ್ಲವೆಂದು ಖಚಿತಪಡಿಸಿಕೊಳ್ಳತಕ್ಕದ್ದು.

(5) ಉಲ್ಲಂಘನೆಗೆ 500 ಡಾಲರ್‌ವರೆಗೆ ದಂಡ ಹಾಗೂ 60 ದಿನಗಳವರೆಗೆ ಸೆರೆವಾಸ ವಿಧಿಸಲು ಅವಕಾಶವಿದೆ. ಗಾತ್ರ ಕಡಿಮೆಯಿರುವ ಪ್ರತಿಯೊಂದು ಲಾಬ್‌ಸ್ಟರ್ ಅನ್ನೂ ಪ್ರತ್ಯೇಕ ಅಪರಾಧವೆಂದು ಪರಿಗಣಿಸಬಹುದಾಗಿದೆ. ನಿಯಮ ತಿಳಿದಿರಲಿಲ್ಲವೆಂಬ ಸಮಜಾಯಿಷಿಯನ್ನು ನೆಚ್ಚಿಕೊಳ್ಳುವಂತಿಲ್ಲ. ವಿದೇಶಿ ಪ್ರಜೆಗಳಿಗೆ ಇಂತಹ ಮೊಕದ್ದಮೆ ಹೆಚ್ಚಿನ ತೊಂದರೆಗೆ ಕಾರಣವಾಗಬಹುದು.

(6) ಹೃದಯ, ಶ್ವಾಸಕೋಶ ಅಥವಾ ಕಿವಿಯ ತೊಂದರೆ ಇರುವವರು ವೈದ್ಯರ ಸಲಹೆಯಿಲ್ಲದೆ ಮುಳುಗಬಾರದು. ಉಪಕರಣಗಳನ್ನು ಮೊದಲೇ ಪರೀಕ್ಷಿಸಿಕೊಳ್ಳತಕ್ಕದ್ದು. ಒಂಟಿಯಾಗಿ ಮುಳುಗಬಾರದು.

(7) ಸಮುದ್ರ ಪ್ರಕ್ಷುಬ್ಧವಾಗಿದ್ದಲ್ಲಿ ಹಿಂತಿರುಗತಕ್ಕದ್ದು. ಸಾಮಾನ್ಯ ಋತುವು ಕೆಲವೇ ದಿನಗಳಲ್ಲಿ ಆರಂಭಗೊಂಡು ಸುಮಾರು ಎಂಟು ತಿಂಗಳು ನಡೆಯುತ್ತದೆ. ಅದೇ ಪರವಾನಗಿಯ ಅವಧಿ ಉಳಿದಿದ್ದರೆ ಆಗಲೂ ಹಿಡಿಯಬಹುದು.

10. ಉಪಸಂಹಾರ

ಎರಡು ದಿನಗಳ ಋತು ಸರಿಯೋ ತಪ್ಪೋ ಎಂಬುದನ್ನು ಫ್ಲಾರಿಡಾದ ಜನರು ಮತ್ತು ಅವರ ಆಯೋಗವು ನಿರ್ಧರಿಸಬೇಕಾಗಿದೆ. ಆದರೆ ಅಲ್ಪಾವಧಿಯ ಅನುಮತಿ ನೀಡುವ ಯಾವುದೇ ವ್ಯವಸ್ಥೆಗೆ ಅನ್ವಯಿಸುವ ಪಾಠವೊಂದು ಇದರಲ್ಲಿದೆ. ಕಾಲವನ್ನು ಕಿರಿದುಗೊಳಿಸಿದಾಗ ಜನರ ಅವಸರ ಹಿರಿದಾಗುತ್ತದೆ. ಆ ಅವಸರವನ್ನು ತಡೆಯಲು ಸಂಖ್ಯೆ, ಗಾತ್ರ, ಸ್ಥಳ ಮತ್ತು ಸಮಯದ ಮಿತಿಗಳು ಬೇಕಾಗುತ್ತವೆ. ಆ ಮಿತಿಗಳು ಉಳಿಯಲು ಅವುಗಳ ಕಾರಣವನ್ನು ಅರಿತ ಪರವಾನಗಿದಾರರು ಬೇಕಾಗುತ್ತಾರೆ. 3 ಅಂಗುಲಕ್ಕೆ ಕೂದಲೆಳೆಯಷ್ಟು ಕಡಿಮೆಯಿರುವ ಲಾಬ್‌ಸ್ಟರ್ ಅನ್ನು ನೀರಿನಾಳದಲ್ಲಿ ಅಳೆದು ಗಾಯಗೊಳಿಸದೆ ಬಿಟ್ಟುಬಿಡುವ ನಾಗರಿಕನು ಮುಂದಿನ ವರ್ಷದ ಋತುವನ್ನು ಕಾಯ್ದಂತಾಗುತ್ತದೆ. ಪರವಾನಗಿಗಾಗಿ ಅರ್ಜಿ ಸಲ್ಲಿಸುವ ಪ್ರತಿಯೊಬ್ಬರೂ ಈ ಹೊಣೆಯನ್ನೂ ಒಪ್ಪಿಕೊಂಡೇ ಅರ್ಜಿಗೆ ಸಹಿ ಮಾಡುತ್ತಿದ್ದಾರೆಂಬುದನ್ನು ಮನಗಾಣುವುದು ಅವಶ್ಯಕ.